ಬಿಯಾಂಕಿ ಬಂದಿನೆಲ್ಲಿ, ರಾನುಚ್ಚೊ (1900–1975)

ಇಟಲಿಯ ಪುರಾತತ್ತ್ವಜ್ಞ, ಪ್ರಾಚೀನ ರೋಮನ್ ಕಲೆಯ ಚರಿತ್ರಕಾರ, ಅಧ್ಯಾಪಕ, ವಿಶ್ವಕೋಶ ಸಂಪಾದಕ. ರೋಮನ್ ಕಲೆಯೆಂದರೆ ಗ್ರೀಕ್ ಕಲೆಯ ಸೊರಗಿದ ನಕಲು ಎಂದು ಕೆಲವರು, ರೋಮ್ ಜನಾಂಗದ ಹುಟ್ಟು ಪ್ರತಿಭೆಯ ಫಲ ಎಂದು ಇನ್ನು ಕೆಲವರು ಜಗ್ಗಾಡುತ್ತಿದ್ದ ಕಾಲದಲ್ಲಿ ಈತ ಪ್ರಶ್ನೆಯನ್ನೇ ಬದಲಾಯಿಸಿದ. ಶಿಲ್ಪವೊಂದು ಎಷ್ಟು ಚೆನ್ನಾಗಿದೆ ಎಂದು ಅಳೆಯುವ ಮೊದಲು ಅದನ್ನು ಮಾಡಿಸಿದವರು ಯಾರು, ಕಡೆದವರು ಯಾರು, ಯಾರು ನೋಡಲೆಂದು ನಿಲ್ಲಿಸಿದರು ಎಂದು ಕೇಳಬೇಕು ಎಂದ. ಶ್ರೀಮಂತ ಮನೆತನದಲ್ಲಿ ಹುಟ್ಟಿ ಕಮ್ಯುನಿಸ್ಟ್ ಪಕ್ಷ ಸೇರಿದ್ದು, ಹಿಟ್ಲರ್‌ಗೆ ಮಾರ್ಗದರ್ಶಿಯಾಗಿ ನಡೆದದ್ದು, ಯುದ್ಧ ಮುಗಿದ ಮೇಲೆ ದೇಶದ ಪುರಾತತ್ತ್ವ ಇಲಾಖೆಯ ಹೊಣೆ ಹೊತ್ತದ್ದು ಇವೆಲ್ಲ ಈತನ ವಿದ್ವತ್ತಿನಿಂದ ದೂರ ನಿಂತ ಘಟನೆಗಳಲ್ಲ. ಕಲೆ ಮತ್ತು ಅಧಿಕಾರದ ನಂಟನ್ನು ಈತ ಗ್ರಂಥಗಳಲ್ಲಿ ಓದಿ ತಿಳಿದಷ್ಟೇ ಕಣ್ಣೆದುರೂ ಕಂಡ.

ಹುಟ್ಟು, ಶಿಕ್ಷಣ

ಬಂದಿನೆಲ್ಲಿ ಹುಟ್ಟಿದ್ದು ಟಸ್ಕನಿಯ ಸಿಯೆನಾ ನಗರದಲ್ಲಿ, 1900ರ ಫೆಬ್ರವರಿ 19ರಂದು. ಮನೆತನ ಹಳೆಯದು. ಹನ್ನೆರಡನೆಯ ಶತಮಾನದ ಪೋಪ್ ಮೂರನೆಯ ಅಲೆಕ್ಸಾಂಡರ್ ತಮ್ಮ ವಂಶದವನೆಂದು ಮನೆಯವರು ಹೇಳಿಕೊಳ್ಳುತ್ತಿದ್ದರು. ಸಿಯೆನಾದ ಹೊರವಲಯದ ಜೆಜ್ಜಾನೊದಲ್ಲಿ ಅವರ ದೊಡ್ಡ ಮನೆಯೂ ಜಮೀನೂ ಇದ್ದವು. ತಂದೆ ಇಟಲಿಯ ಕೌಂಟ್, ತಾಯಿ ಜರ್ಮನ್ ಮೂಲದವಳು. ಹೀಗಾಗಿ ಜರ್ಮನ್ ಈತನಿಗೆ ಚಿಕ್ಕಂದಿನಿಂದಲೇ ಮನೆಮಾತಾಗಿತ್ತು. ಆ ಕಾಲದಲ್ಲಿ ಪ್ರಾಚೀನ ಕಲೆಯ ಅಧ್ಯಯನದ ಬಹುಪಾಲು ಜರ್ಮನ್‌ನಲ್ಲೇ ನಡೆಯುತ್ತಿದ್ದುದರಿಂದ ಇಟಲಿಯ ಸಹೋದ್ಯೋಗಿಗಳಲ್ಲಿ ಅನೇಕರಿಗೆ ಸುಲಭವಾಗಿ ಎಟುಕದ ಗ್ರಂಥರಾಶಿ ಈತನಿಗೆ ನೇರವಾಗಿ ದಕ್ಕಿತು.

ರೋಮ್ ವಿಶ್ವವಿದ್ಯಾಲಯದಲ್ಲಿ ಓದಿದ ಬಂದಿನೆಲ್ಲಿ ತನ್ನ ಪ್ರಬಂಧಕ್ಕೆ ಆರಿಸಿಕೊಂಡದ್ದು ಊರಿಗೆ ಹತ್ತಿರದ ವಿಷಯವನ್ನು, ಎಟ್ರಸ್ಕನ್ನರ ಹಳೆಯ ಪಟ್ಟಣ ಕಿಯೂಸಿಯನ್ನು. ಪಟ್ಟಣದ ಸುತ್ತಣ ಗೋರಿಗಳು, ದಾರಿಗಳು, ಬಿಡಿಬಿಡಿಯಾಗಿ ಸಿಕ್ಕ ವಸ್ತುಗಳು ಎಲ್ಲವನ್ನೂ ನೆಲದ ನಕ್ಷೆಯ ಮೇಲೆ ಕೂರಿಸಿ ಬರೆದ ಈ ಅಧ್ಯಯನವನ್ನು ಲಿಂಚೆಯಿ ಅಕಾಡೆಮಿ 1925ರಲ್ಲಿ ಪ್ರಕಟಿಸಿತು. ದಕ್ಷಿಣ ಟಸ್ಕನಿಯಲ್ಲಿ ಬಂಡೆ ಕೊರೆದು ಮಾಡಿದ ಗೋರಿಗಳಿಗೆ ಹೆಸರಾದ ಸೊವಾನಾ ಕುರಿತ ಗ್ರಂಥ 1929ರಲ್ಲಿ ಹೊರಬಂತು. ಜ್ವಾಲಾಮುಖಿಯ ಮೃದುವಾದ ಕಲ್ಲಿನಲ್ಲಿ ದೇವಾಲಯದ ಮುಖಮಂಟಪದ ಹಾಗೆ ಕಡೆದ ಅಲ್ಲಿನ ಗೋರಿಗಳನ್ನು ಈತ ಬಿಡಿ ಕಲಾಕೃತಿಗಳೆಂದು ನೋಡಲಿಲ್ಲ. ಅವು ನಿಂತ ಕಣಿವೆ, ಅಲ್ಲಿಗೆ ಹೋಗುವ ದಾರಿ, ಪಕ್ಕದ ಪಟ್ಟಣ ಇವುಗಳ ಜೊತೆಗೂಡಿಸಿ ನೋಡಿದ. ಕಲೆಯನ್ನು ಅದು ಹುಟ್ಟಿದ ನೆಲದಿಂದ ಕಿತ್ತು ನೋಡಬಾರದೆಂಬ ಪಾಠ ಈ ಓಡಾಟದಲ್ಲೇ ಗಟ್ಟಿಯಾಯಿತು.

ಬೋಧನೆಯ ಮೊದಲ ವರ್ಷಗಳು

1929ರಲ್ಲಿ ಸಾರ್ಡಿನಿಯಾ ದ್ವೀಪದ ಕಾಲ್ಯಾರಿ ವಿಶ್ವವಿದ್ಯಾಲಯದಲ್ಲಿ ಬಂದಿನೆಲ್ಲಿಯ ಅಧ್ಯಾಪನ ಶುರುವಾಯಿತು. 1931ರಿಂದ 1933ರವರೆಗೆ ನೆದರ್‌ಲೆಂಡ್ಸಿನ ಗ್ರೊನಿಂಗೆನ್‌ನಲ್ಲಿ ಪಾಠ ಹೇಳಿದ. ಆಮೇಲೆ ಪೀಸಾ, 1938ರಲ್ಲಿ ಫ್ಲಾರೆನ್ಸ್. ಗ್ರೊನಿಂಗೆನ್‌ನ ಎರಡು ವರ್ಷ ಕಡಿಮೆಯೆನಿಸಿದರೂ ಇಟಲಿಯ ಬೌದ್ಧಿಕ ವಾತಾವರಣ ದಿನೇದಿನೇ ಮುಚ್ಚಿಕೊಳ್ಳುತ್ತಿದ್ದ ಕಾಲದಲ್ಲಿ ಹೊರಗಿನ ವಿದ್ವತ್ ಲೋಕದ ಒಡನಾಟ ಈತನಿಗೆ ಬಲ ಕೊಟ್ಟಿತು.

ಆಗಿನ ಇಟಲಿಯ ಪುರಾತತ್ತ್ವವೆಂದರೆ ಬಹುಮಟ್ಟಿಗೆ ಪಟ್ಟಿ ಮಾಡುವ, ಕಾಲ ನಿರ್ಣಯಿಸುವ, ರೋಮನ್ ಪ್ರತಿಗಳ ಹಿಂದೆ ಕಳೆದುಹೋದ ಗ್ರೀಕ್ ಮೂಲ ಯಾವುದೆಂದು ಹುಡುಕುವ ಕೆಲಸವಾಗಿತ್ತು. ಬಂದಿನೆಲ್ಲಿಗೆ ಇದು ಸಾಲದೆನಿಸಿತು. ಕಲಾಕೃತಿ ಕವಿತೆಯ ಹಾಗೆ ಒಬ್ಬ ವ್ಯಕ್ತಿಯ ಅಭಿವ್ಯಕ್ತಿ ಎಂದು ಸಾರಿದ ತತ್ತ್ವಜ್ಞಾನಿ ಬೆನೆದೆತ್ತೊ ಕ್ರೋಚೆಯ ವಿಚಾರಗಳು ಅಂದಿನ ಇಟಲಿಯ ವಿದ್ಯಾವಂತರನ್ನೆಲ್ಲ ಸೆಳೆದಿದ್ದವು. ಬಂದಿನೆಲ್ಲಿಯೂ ಆ ಪ್ರಭಾವಕ್ಕೆ ಒಳಗಾದ. 1935ರಲ್ಲಿ ಕಲಾವಿಮರ್ಶಕ ಕಾರ್ಲೊ ಲುದೊವಿಕೊ ರಗ್ಗಿಯಾಂತಿಯ ಜೊತೆಗೂಡಿ ‘ಲಾ ಕ್ರಿತಿಕಾ ದಾರ್ತೆ’ ಎಂಬ ಪತ್ರಿಕೆ ಆರಂಭಿಸಿದ. ಮುಂದೆ ಕಲಾಚರಿತ್ರಕಾರ ರೊಬೆರ್ತೊ ಲೊಂಗಿಯೂ ಸಂಪಾದಕರ ಸಾಲಿಗೆ ಸೇರಿದ. ಗ್ರೀಕ್ ಶಿಲ್ಪ, ಎಟ್ರಸ್ಕನ್ ಕಂಚು, ಮಧ್ಯಯುಗದ ಭಿತ್ತಿಚಿತ್ರ, ಹದಿನೇಳನೆಯ ಶತಮಾನದ ಚಿತ್ರಕಲೆ ಎಲ್ಲವನ್ನೂ ಒಂದೇ ವಿಮರ್ಶೆಯ ಕಣ್ಣಿನಿಂದ ನೋಡುವ ಪ್ರಯತ್ನ ಅದು. ಪುರಾತತ್ತ್ವಜ್ಞರಿಗೆ ಒಂದು ಕೋಣೆ, ಕಲಾವಿಮರ್ಶಕರಿಗೆ ಇನ್ನೊಂದು ಎಂಬ ಗೋಡೆಯನ್ನು ಈ ಪತ್ರಿಕೆ ಅಲುಗಾಡಿಸಿತು.

ರೋಮನ್ ಕಲೆಯ ಪ್ರಶ್ನೆ

ಬಂದಿನೆಲ್ಲಿ ಎದುರಿಸಿದ ಸಮಸ್ಯೆಗೆ ಉದ್ದನೆಯ ಇತಿಹಾಸವಿದೆ. 1764ರಲ್ಲಿ ಪ್ರಕಟವಾದ ಪ್ರಾಚೀನ ಕಲೆಯ ಚರಿತ್ರೆಯಲ್ಲಿ ಯೋಹಾನ್ ವಿಂಕೆಲ್‌ಮನ್ ಗ್ರೀಕ್ ಕಲೆಯನ್ನು ಶಿಖರವೆಂದು ಕರೆದು ರೋಮನ್ನರ ಕಾಲವನ್ನು ಇಳಿಜಾರಿನಲ್ಲಿಟ್ಟ. ನೂರಕ್ಕೂ ಹೆಚ್ಚು ವರ್ಷ ಈ ಅಭಿಪ್ರಾಯವೇ ನಡೆಯಿತು. ವಿಯೆನ್ನಾದ ಇಬ್ಬರು ವಿದ್ವಾಂಸರು ಅದನ್ನು ಮೊದಲು ಪ್ರಶ್ನಿಸಿದರು. ಫ್ರಾಂಟ್ಸ್ ವಿಕ್‌ಹಾಫ್ 1895ರಲ್ಲಿ, ಬೆಳಕು ನೆರಳಿನ ಭ್ರಮೆ ಹುಟ್ಟಿಸುವ ರೀತಿ, ಒಂದೇ ಪಾತ್ರ ಮತ್ತೆ ಮತ್ತೆ ಕಾಣಿಸಿಕೊಂಡು ಕಥೆ ಮುಂದೆ ಸಾಗುವ ರೀತಿ ಇವು ರೋಮನ್ನರ ಸ್ವಂತ ಸಾಧನೆಗಳೆಂದ. ಆಲೊಯಿಸ್ ರೀಗ್ಲ್ 1901ರಲ್ಲಿ, ಸಾಮ್ರಾಜ್ಯದ ಕೊನೆಗಾಲದ ಕಲೆಯಲ್ಲಿರುವುದು ಕೈಲಾಗದವರ ಕುಸಿತವಲ್ಲ, ಬೇರೆಯೇ ಬಗೆಯ ನೋಟ ಎಂದು ವಾದಿಸಿದ.

1920 ಮತ್ತು 30ರ ದಶಕಗಳಲ್ಲಿ ಇಟಲಿಯ ಫ್ಯಾಸಿಸ್ಟ್ ಆಡಳಿತ ಪ್ರಾಚೀನ ರೋಮನ್ನು ತನ್ನ ಪೂರ್ವಜನೆಂದು ಮೆರೆಸತೊಡಗಿತು. ಅಗಸ್ಟಸ್ ಹುಟ್ಟಿ ಎರಡು ಸಾವಿರ ವರ್ಷವಾದ ನೆಪದಲ್ಲಿ 1937ರ ಸೆಪ್ಟೆಂಬರಿನಲ್ಲಿ ರೋಮ್‌ನಲ್ಲಿ ಭಾರಿ ಪ್ರದರ್ಶನ ತೆರೆಯಿತು. ಮರುವರ್ಷ ಅದು ಮುಗಿಯುವ ಹೊತ್ತಿಗೆ ಅಗಸ್ಟಸ್‌ನ ಶಾಂತಿಪೀಠದ ಚದುರಿದ ಫಲಕಗಳನ್ನು ಜೋಡಿಸಿ ಟೈಬರ್ ನದಿಯ ದಂಡೆಯ ಮೇಲೆ ನಿಲ್ಲಿಸಲಾಯಿತು. ರೋಮನ್ ಕಲೆ ಇಟಲಿಯ ರಕ್ತದಲ್ಲೇ ಇರುವ ಗುಣ ಎಂಬ ಮಾತು ಆಗ ಸರ್ಕಾರಕ್ಕೆ ಬೇಕಾಗಿತ್ತು. ಬಂದಿನೆಲ್ಲಿ ಈ ಜನಾಂಗವಾದವನ್ನು ಒಪ್ಪಲಿಲ್ಲ. ರೋಮನ್ನರ ಕಲೆಯ ತಳಹದಿ ಗ್ರೀಕ್ ಮತ್ತು ಹೆಲೆನಿಸ್ಟಿಕ್ ಜಗತ್ತಿನದು, ಅದರಲ್ಲಿ ಬೇರೆಯಾದದ್ದು ಏನಾದರೂ ಇದ್ದರೆ ಅದಕ್ಕೆ ಕಾರಣವನ್ನು ರಕ್ತದಲ್ಲಲ್ಲ, ಸಮಾಜದಲ್ಲಿ ಹುಡುಕಬೇಕು ಎಂಬ ದಾರಿ ಹಿಡಿದ.

ಗಣರಾಜ್ಯದ ಕಾಲದ ಮುಖಶಿಲ್ಪಗಳನ್ನು ಕುರಿತ ಈತನ ವಿವರಣೆಯಲ್ಲಿ ಈ ದಾರಿ ಸ್ಪಷ್ಟವಾಗಿದೆ. ರೋಮ್‌ನ ತೊರ್ಲೋನಿಯಾ ಸಂಗ್ರಹದಲ್ಲಿ ಒಬ್ಬ ಮುದುಕನ ತಲೆಯಿದೆ. ಬತ್ತಿದ ಕೆನ್ನೆ, ಹಣೆಯ ತುಂಬ ಗೆರೆ, ಜೋತ ಚರ್ಮ, ಬಿಗಿದ ತುಟಿ, ಒಂದನ್ನೂ ಶಿಲ್ಪಿ ಮುಚ್ಚಿಟ್ಟಿಲ್ಲ. ಸತ್ತ ಹಿರಿಯರ ಮುಖದ ಮೇಣದ ಅಚ್ಚನ್ನು ಮನೆಯಲ್ಲಿಡುವ ರೋಮನ್ ಪದ್ಧತಿಯಿಂದಲೇ ಇಂಥ ಶಿಲ್ಪ ಹುಟ್ಟಿತು ಎಂಬುದು ಚಾಲ್ತಿಯಲ್ಲಿದ್ದ ವಿವರಣೆ. ಇದಷ್ಟೇ ಸಾಲದು ಎಂದ ಬಂದಿನೆಲ್ಲಿ. ಉಳಿಯ ಕೈಚಳಕ ಹೆಲೆನಿಸ್ಟಿಕ್ ತರಬೇತಿಯದು, ಆದರೆ ಆ ಒರಟುತನವನ್ನು ಬಯಸಿ ಮಾಡಿಸಿದ್ದು ಕ್ರಿ.ಪೂ. ಒಂದನೆಯ ಶತಮಾನದ ಆದಿಯಲ್ಲಿ, ಸರ್ವಾಧಿಕಾರಿ ಸುಲ್ಲನ ಕಾಲದಲ್ಲಿ, ತನ್ನ ಹಿಡಿತ ಸಡಿಲವಾಗುತ್ತಿದ್ದ ಭೂಮಾಲೀಕ ಕುಲೀನ ವರ್ಗ. ದುಡಿದು ದಣಿದ ಮುಖ, ಹಳೆಯ ಸದಾಚಾರದ ಗುರುತು, ಅಧಿಕಾರದ ಮೇಲಿನ ಹಕ್ಕು ಮೂರೂ ಆ ಸುಕ್ಕುಗಳಲ್ಲಿ ಸೇರಿವೆ ಎಂಬುದು ಈತನ ವಾದ.

1938ರ ಮೇ ತಿಂಗಳು

1938ರ ಮೇ 3ರಿಂದ 9ರವರೆಗೆ ಹಿಟ್ಲರ್ ಇಟಲಿಗೆ ಭೇಟಿ ಕೊಟ್ಟ. ರೋಮ್ ಮತ್ತು ಫ್ಲಾರೆನ್ಸಿನ ಸ್ಮಾರಕಗಳನ್ನೂ ವಸ್ತುಸಂಗ್ರಹಾಲಯಗಳನ್ನೂ ತೋರಿಸಲು ಜರ್ಮನ್ ಬಲ್ಲ, ಕಲಾಚರಿತ್ರೆ ಬಲ್ಲ ಒಬ್ಬ ಬೇಕಾಗಿತ್ತು. ಸರ್ಕಾರ ಬಂದಿನೆಲ್ಲಿಯನ್ನು ಆರಿಸಿತು. ಫ್ಯಾಸಿಸಂ ಬಗ್ಗೆ ಒಳಗೊಳಗೇ ಜಿಗುಪ್ಸೆಪಡುತ್ತಿದ್ದ ಈತ ಹಿಟ್ಲರ್ ಮತ್ತು ಮುಸೊಲಿನಿಯ ನಡುವೆ ನಡೆಯುತ್ತ ಪ್ರತಿಮೆಗಳನ್ನೂ ಚಿತ್ರಗಳನ್ನೂ ವಿವರಿಸಬೇಕಾಯಿತು. ಕಲೆಯ ಬಗ್ಗೆ ಅಭಿಪ್ರಾಯ ಸುರಿಸಲು ಸದಾ ಸಿದ್ಧನಾದ ಒಬ್ಬ ಅತಿಥಿ, ಅದರಲ್ಲಿ ಯಾವ ಆಸಕ್ತಿಯೂ ಇಲ್ಲದೆ ಬೇಸರದಿಂದ ಹಿಂಬಾಲಿಸುವ ಆತಿಥೇಯ ಎಂದು ಈತನ ದಿನಚರಿ ಇಬ್ಬರನ್ನೂ ಬಿಡಿಸಿಟ್ಟಿದೆ. ಇಬ್ಬರೂ ತನ್ನ ಕೈಯಳತೆಯಲ್ಲೇ ಇದ್ದ ಆ ದಿನಗಳಲ್ಲಿ ಅವರನ್ನು ಕೊಲ್ಲುವ ಸಾಧ್ಯತೆಯ ಬಗ್ಗೆ ತಾನು ಯೋಚಿಸಿದ್ದುಂಟು ಎಂದೂ ಅದರಲ್ಲಿ ಬರೆದುಕೊಂಡಿದ್ದಾನೆ. ಯೋಚನೆ ಯೋಚನೆಯಾಗಿಯೇ ಉಳಿಯಿತು.

ಈ ಬರಹ ಬೇರೆ ಟಿಪ್ಪಣಿಗಳೊಂದಿಗೆ ‘ದಾಲ್ ದಿಯಾರಿಯೊ ದಿ ಉನ್ ಬೊರ್ಗೆಸೆ’ ಎಂಬ ಹೆಸರಿನಲ್ಲಿ 1948ರಲ್ಲಿ ಪ್ರಕಟವಾಯಿತು. ವಿದ್ಯಾವಂತನೊಬ್ಬ ಸರ್ವಾಧಿಕಾರದ ಕೆಳಗೆ ಹೇಗೆ ಹೊಂದಿಕೊಂಡು ಬದುಕಿದ, ಹೇಗೆ ಅದರಿಂದ ಕಳಚಿಕೊಂಡ ಎಂಬುದರ ದಾಖಲೆಯಾಗಿ ಪುರಾತತ್ತ್ವದ ಹೊರಗಿನವರೂ ಅದನ್ನು ಓದಿದರು. 2016ರಲ್ಲಿ ಎನ್ರಿಕೊ ಕಾರಿಯಾ ಇದನ್ನು ಆಧರಿಸಿ ಸಾಕ್ಷ್ಯಚಿತ್ರವೊಂದನ್ನು ನಿರ್ದೇಶಿಸಿದ.

ಟ್ರೇಜನ್ ಸ್ತಂಭದ ಶಿಲ್ಪಿ

ಅದೇ ಹೊತ್ತಿಗೆ, 1938–39ರಲ್ಲಿ, ಬಂದಿನೆಲ್ಲಿಯ ಹೆಸರನ್ನು ರೋಮನ್ ಕಲೆಯ ಅಧ್ಯಯನದಲ್ಲಿ ಗಟ್ಟಿಯಾಗಿ ನಿಲ್ಲಿಸಿದ ಲೇಖನ ಪ್ರಕಟವಾಯಿತು. ವಿಷಯ, ಟ್ರೇಜನ್ ಚಕ್ರವರ್ತಿಯ ಸ್ತಂಭ. ಕ್ರಿ.ಶ. 113ರಲ್ಲಿ ಲೋಕಾರ್ಪಣೆಗೊಂಡ ಈ ಸ್ತಂಭದ ಕಂಬ ಸುಮಾರು 30 ಮೀಟರ್ ಎತ್ತರವಿದೆ. ಅದನ್ನು ಸುತ್ತಿಕೊಂಡು ಮೇಲೇರುವ ಉಬ್ಬುಶಿಲ್ಪದ ಪಟ್ಟಿಯನ್ನು ಬಿಚ್ಚಿ ಹಾಸಿದರೆ ಸುಮಾರು 200 ಮೀಟರ್ ಉದ್ದವಾಗುತ್ತದೆ. ಎರಡೂವರೆ ಸಾವಿರಕ್ಕೂ ಹೆಚ್ಚು ಆಕೃತಿಗಳು ಅದರಲ್ಲಿವೆ. ಈಗಿನ ರುಮೇನಿಯಾದ ಭಾಗದಲ್ಲಿದ್ದ ಡೇಸಿಯನ್ನರ ಮೇಲೆ 101–102 ಮತ್ತು 105–106ರಲ್ಲಿ ನಡೆದ ಎರಡು ಯುದ್ಧಗಳ ಕಥೆ ಕೆಳಗಿನಿಂದ ಮೇಲಕ್ಕೆ ಸಾಗುತ್ತದೆ. ಸೇತುವೆ ಕಟ್ಟುವುದು, ಮರ ಕಡಿಯುವುದು, ಕೋಟೆ ಮುತ್ತುವುದು, ಚಕ್ರವರ್ತಿಯ ಭಾಷಣ, ಬಲಿಪೂಜೆ ಎಲ್ಲವೂ ಇದರಲ್ಲಿವೆ.

ಇದರ ಹಿಂದೆ ಇರುವುದು ಅಪ್ಪಣೆಯಂತೆ ಕೆಲಸ ಮಾಡಿದ ಕುಶಲಕರ್ಮಿಗಳ ಗುಂಪು ಮಾತ್ರವಲ್ಲ, ಇಡೀ ಯೋಜನೆಯನ್ನು ಮನಸ್ಸಿನಲ್ಲಿ ಕಂಡ ಒಬ್ಬ ಮಹಾಕಲಾವಿದ ಎಂದು ಬಂದಿನೆಲ್ಲಿ ವಾದಿಸಿದ. ಹೆಸರು ಉಳಿಯದ ಆತನನ್ನು ‘ಟ್ರೇಜನ್‌ನ ಸಾಹಸಗಳ ಗುರುಶಿಲ್ಪಿ’ ಎಂದು ಕರೆದ. ಟ್ರೇಜನ್ ಕಾಲದ ದೊಡ್ಡ ಯುದ್ಧಫಲಕವೊಂದರ ತುಂಡುಗಳು ಮುಂದೆ ಕಾನ್‌ಸ್ಟಂಟೈನ್‌ನ ಕಮಾನಿನಲ್ಲಿ ಸೇರಿಕೊಂಡಿವೆ. ಅವೂ ಇದೇ ಕೈಯವೆಂದ.

ಈ ಶಿಲ್ಪಿಯಲ್ಲಿ ಬಂದಿನೆಲ್ಲಿಯನ್ನು ತಡೆದು ನಿಲ್ಲಿಸಿದ್ದು ಸೋತವರ ಚಿತ್ರಣ. ಸ್ತಂಭದ ಮೇಲಿನ ಸುತ್ತುಗಳಲ್ಲಿ ಡೇಸಿಯದ ದೊರೆ ಡೆಸೆಬಾಲಸ್ ಬೆನ್ನಟ್ಟಿದ ಕುದುರೆಸವಾರರ ಕೈಗೆ ಸಿಗಲೊಲ್ಲದೆ ಮರದ ಬುಡದಲ್ಲಿ ಮಂಡಿಯೂರಿ ಬಾಗಿದ ಕತ್ತಿಯನ್ನು ತನ್ನ ಕುತ್ತಿಗೆಗೆ ತಾನೇ ಒಡ್ಡಿಕೊಳ್ಳುತ್ತಾನೆ. ಒಬ್ಬ ಸವಾರ ಕುದುರೆಯ ಮೇಲಿಂದ ಬಾಗಿ ಆತನತ್ತ ಕೈ ಚಾಚಿದ್ದಾನೆ. ವಿಜಯಸ್ಮಾರಕದಲ್ಲಿ ಶತ್ರುವಿನ ಸಾವಿಗೆ ಇಂಥ ಘನತೆ ಸಿಕ್ಕಿದ್ದೇಕೆ? ಶಿಲ್ಪಿ ಸೋತವರ ನೋವನ್ನು ಒಳಗಿನಿಂದ ಬಲ್ಲವನಾಗಿದ್ದ ಎಂಬುದು ಬಂದಿನೆಲ್ಲಿ ಕೊಟ್ಟ ಉತ್ತರ. ಗುರುಶಿಲ್ಪಿಯನ್ನು ಹುಡುಕುವ ಈ ಹಂಬಲದಲ್ಲಿ ಕ್ರೋಚೆಯ ಪ್ರಭಾವ ಎದ್ದು ಕಾಣುತ್ತದೆ. ಸಾಮ್ರಾಜ್ಯದ ಗುಣಗಾನವೇ ಕೇಳಿಬರುತ್ತಿದ್ದ ಆ ವರ್ಷಗಳಲ್ಲಿ ಸ್ತಂಭದ ಮೇಲಿನ ಸೋತವರತ್ತ ಕಣ್ಣು ಹಾಯಿಸಿದ್ದರಲ್ಲಿ ಕಾಲದ ಒತ್ತಡವೂ ಇದೆ.

ಇಂಥ ಲೇಖನಗಳನ್ನು ಕೂಡಿಸಿದ ‘ಸ್ತೋರಿಚಿತಾ ದೆಲ್ಲಾರ್ತೆ ಕ್ಲಾಸ್ಸಿಕಾ’ ಎಂಬ ಸಂಕಲನ 1943ರಲ್ಲಿ ಫ್ಲಾರೆನ್ಸಿನಲ್ಲಿ ಅಚ್ಚಾಯಿತು. ಶಾಸ್ತ್ರೀಯ ಕಲೆ ಎಲ್ಲ ಕಾಲಕ್ಕೂ ಸಲ್ಲುವ ಮಾದರಿಯಲ್ಲ, ಅದೂ ಒಂದು ಕಾಲದ, ಒಂದು ಸಮಾಜದ ಸೃಷ್ಟಿ ಎಂಬುದು ಅದರ ತಿರುಳು. 1950 ಮತ್ತು 1973ರಲ್ಲಿ ಅದು ಮರುಮುದ್ರಣ ಕಂಡಿತು.

ಯುದ್ಧ, ಪಕ್ಷ, ಇಲಾಖೆ

ಯುದ್ಧದ ಕೊನೆಯ ವರ್ಷಗಳಲ್ಲಿ ಬಂದಿನೆಲ್ಲಿ ಫ್ಯಾಸಿಸಂ ವಿರೋಧಿಗಳ ಜೊತೆ ಸೇರಿ 1944ರಲ್ಲಿ ಇಟಲಿಯ ಕಮ್ಯುನಿಸ್ಟ್ ಪಕ್ಷದ ಸದಸ್ಯನಾದ. 1945ರಲ್ಲಿ ಫ್ಲಾರೆನ್ಸಿನಿಂದ ‘ಸೊಚಿಯೆತಾ’ ಎಂಬ ಪತ್ರಿಕೆ ಆರಂಭಿಸಿದವರಲ್ಲಿ ಈತನೂ ಒಬ್ಬ. ಅದೇ ವರ್ಷ ಪುರಾತತ್ತ್ವ ಮತ್ತು ಲಲಿತಕಲೆಗಳ ಮಹಾನಿರ್ದೇಶಕನಾಗಿ ನೇಮಕಗೊಂಡ. ದೇಶದ ಎಲ್ಲ ಸ್ಮಾರಕ, ಉತ್ಖನನ, ವಸ್ತುಸಂಗ್ರಹಾಲಯಗಳ ಹೊಣೆ ಈ ಹುದ್ದೆಯದು. ಹೊಣೆ ಸಿಕ್ಕಿದ್ದು ಎಲ್ಲವೂ ಕುಸಿದು ಬಿದ್ದಿದ್ದ ಗಳಿಗೆಯಲ್ಲಿ. ಪದುವಾದ ಎರೆಮಿತಾನಿ ಚರ್ಚಿನಲ್ಲಿ ಮಂತೇನಾನ ಭಿತ್ತಿಚಿತ್ರಗಳು ಬಾಂಬಿಗೆ ಸಿಕ್ಕಿ ಚೂರಾಗಿದ್ದವು. ಪೀಸಾದ ಕಾಂಪೊಸಾಂತೊ ಬೆಂಕಿಗೆ ತುತ್ತಾಗಿತ್ತು. ಕ್ಯಾಲಿಗುಲಾನ ಕಾಲದ ನೇಮಿ ಸರೋವರದ ಎರಡು ಹಡಗುಗಳು 1944ರ ಮೇ ಕೊನೆಯಲ್ಲಿ ಸುಟ್ಟು ಬೂದಿಯಾಗಿದ್ದವು.

ಹಾಳಾದದ್ದನ್ನು ಮತ್ತೆ ಹೇಗೆ ಕಟ್ಟಬೇಕು ಎಂಬ ಚರ್ಚೆಯಲ್ಲಿ ಬಂದಿನೆಲ್ಲಿಯ ನಿಲುವು ಖಡಾಖಂಡಿತವಾಗಿತ್ತು. 1944ರ ಆಗಸ್ಟ್‌ನಲ್ಲಿ ಹಿಮ್ಮೆಟ್ಟುತ್ತಿದ್ದ ಜರ್ಮನ್ ಸೇನೆ ಫ್ಲಾರೆನ್ಸಿನ ಆರ್ನೊ ನದಿಯ ಸೇತುವೆಗಳಲ್ಲಿ ಪೊಂತೆ ವೆಕ್ಕಿಯೊ ಒಂದನ್ನು ಬಿಟ್ಟು ಉಳಿದವನ್ನು ಸಿಡಿಸಿತ್ತು. ಉಳಿಸಿದ ಸೇತುವೆಯ ಎರಡೂ ಬದಿಯ ಹಳೆಯ ಬೀದಿಗಳೂ ನೆಲಸಮವಾಗಿದ್ದವು. ಎಲ್ಲವನ್ನೂ ಮೊದಲಿದ್ದ ಜಾಗದಲ್ಲೇ, ಮೊದಲಿದ್ದ ಹಾಗೆಯೇ ಕಟ್ಟಬೇಕೆಂದು ಕಲಾವಿಮರ್ಶಕ ಬರ್ನಾರ್ಡ್ ಬೆರೆನ್ಸನ್ 1945ರಲ್ಲಿ ‘ಇಲ್ ಪೊಂತೆ’ ಪತ್ರಿಕೆಯಲ್ಲಿ ಬರೆದ. ಅದೇ ಪತ್ರಿಕೆಯಲ್ಲಿ ಬಂದಿನೆಲ್ಲಿ ಅದಕ್ಕೆ ನೇರ ಉತ್ತರ ಕೊಟ್ಟ. ಕಳೆದುಹೋದ ಬೀದಿಯನ್ನು ಹಳೆಯದರ ವೇಷ ಹಾಕಿ ನಿಲ್ಲಿಸುವುದು ಇತಿಹಾಸಕ್ಕೆ ಮಾಡುವ ಮೋಸ, ಹೊಸ ಕಾಲ ಹೊಸದನ್ನೇ ಕಟ್ಟಬೇಕು ಎಂಬುದು ಈತನ ವಾದ. ಪ್ರತಿ ಕೃತಿಯೂ ತನ್ನ ಸಮಾಜಕ್ಕೆ ಸೇರಿದ್ದು ಎಂಬ ಅದೇ ನಂಬಿಕೆ ಇಲ್ಲಿ ಆಡಳಿತದ ಪ್ರಶ್ನೆಗೆ ಉತ್ತರವಾಗಿದೆ.

1947ರಲ್ಲಿ ಕಮ್ಯುನಿಸ್ಟರು ಸರ್ಕಾರದಿಂದ ಹೊರಬಿದ್ದರು. ಬಂದಿನೆಲ್ಲಿಯ ಆಡಳಿತದ ಅಧ್ಯಾಯವೂ ಬೇಗ ಮುಗಿದು ಆತ ಅಧ್ಯಾಪನಕ್ಕೆ ಮರಳಿದ. 1948ರಿಂದ 1951ರವರೆಗೆ ಕಮ್ಯುನಿಸ್ಟ್ ಚಿಂತಕ ಅಂತೋನಿಯೊ ಗ್ರಾಮ್ಶಿಯ ಸೆರೆಮನೆಯ ಟಿಪ್ಪಣಿಗಳು ಒಂದೊಂದಾಗಿ ಹೊರಬಂದಾಗ ಇಟಲಿಯ ಎಡಪಂಥೀಯ ವಿದ್ವಾಂಸರಿಗೆ ಸಂಸ್ಕೃತಿ ಮತ್ತು ವರ್ಗದ ಸಂಬಂಧ ಕುರಿತು ಹೊಸ ಪರಿಭಾಷೆ ಸಿಕ್ಕಿತು. ಬಂದಿನೆಲ್ಲಿಯ ಬರಹದಲ್ಲಿ ಏಕಾಂಗಿ ಪ್ರತಿಭೆಯ ಜಾಗವನ್ನು ಮೆಲ್ಲಗೆ ಸಮಾಜದ ಗುಂಪುಗಳು ಆಕ್ರಮಿಸಿದವು.

ಪ್ರಾಚೀನ ಕಲೆಯ ವಿಶ್ವಕೋಶ

1950ರ ದಶಕದಲ್ಲಿ ಈತ ಕೈಹಾಕಿದ ಅತಿ ದೊಡ್ಡ ಕೆಲಸ ‘ಎಂಚಿಕ್ಲೊಪೇದಿಯಾ ದೆಲ್ಲಾರ್ತೆ ಆಂತಿಕಾ’, ಅಂದರೆ ಪ್ರಾಚೀನ ಶಾಸ್ತ್ರೀಯ ಮತ್ತು ಪೌರಸ್ತ್ಯ ಕಲೆಯ ವಿಶ್ವಕೋಶ. ರೋಮ್‌ನ ಇಟಾಲಿಯನ್ ವಿಶ್ವಕೋಶ ಸಂಸ್ಥೆ 1958ರಿಂದ 1966ರವರೆಗೆ ಇದರ ಏಳು ಸಂಪುಟಗಳನ್ನು ಹೊರತಂದಿತು. ಗ್ರೀಸ್, ರೋಮ್‌ಗಳ ಜೊತೆಗೆ ಈಜಿಪ್ಟ್, ಮೆಸೊಪೊಟೇಮಿಯಾ, ಇರಾನ್, ಭಾರತ, ಚೀನಾಗಳ ಪ್ರಾಚೀನ ಕಲೆಯೂ ಅದರಲ್ಲಿ ಸೇರಿತು. ಹಲವು ದೇಶಗಳ ತಜ್ಞರು ನಮೂದುಗಳನ್ನು ಬರೆದರು. ಕಲಾವಿದರ ಹೆಸರು, ನಗರಗಳು, ಕಲಾಪ್ರಕಾರಗಳು, ತಂತ್ರಗಳು, ಪುರಾಣಪಾತ್ರಗಳು ಎಲ್ಲವೂ ಅಕಾರಾದಿಯಲ್ಲಿ ಒಂದೇ ಕಡೆ ಸಿಗುವಂತಾಯಿತು.

ಇದೇ ದಶಕದಲ್ಲಿ ಬಂದಿನೆಲ್ಲಿ ಪ್ರಾಚೀನ ಚಿತ್ರಕಲೆಯತ್ತಲೂ ಹೊರಳಿದ. ಮಿಲಾನಿನ ಆಂಬ್ರೋಸಿಯನ್ ಗ್ರಂಥಾಲಯದಲ್ಲಿ ಇಲಿಯಡ್ ಕಾವ್ಯದ ಒಂದು ಹಸ್ತಪ್ರತಿಯಿಂದ ಉಳಿದ 58 ಚಿಕಣಿ ಚಿತ್ರಗಳಿವೆ. ಅವುಗಳ ಕುರಿತು 1955ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಒಂದೊಂದು ಚಿತ್ರದ ಸಂಯೋಜನೆಯನ್ನೂ ಬಿಡಿಸಿ, ಬೇರೆ ಬೇರೆ ಕಾಲದ ಹಳೆಯ ಮಾದರಿಗಳು ಅವುಗಳಲ್ಲಿ ಹೇಗೆ ಬೆರೆತಿವೆ ಎಂದು ತೋರಿಸಿದ. ಲಿಬಿಯಾದ ಲೆಪ್ಟಿಸ್ ಮಾಗ್ನಾ ನಗರವನ್ನು ಕುರಿತು 1960ರ ದಶಕದ ಆರಂಭದಲ್ಲಿ ಬಂದ ಗ್ರಂಥದಲ್ಲೂ ಈತನ ಪಾಲಿದೆ.

ಪ್ಲೆಬಿಯನ್ ಕಲೆ

ಬಂದಿನೆಲ್ಲಿಯ ಹೆಸರಿನೊಂದಿಗೆ ಅಂಟಿಕೊಂಡಿರುವ ಪರಿಕಲ್ಪನೆ ‘ಪ್ಲೆಬಿಯನ್ ಕಲೆ’. ರೋಮನ್ ಕಲೆಯಲ್ಲಿ ಎರಡು ಪ್ರವಾಹಗಳಿವೆ ಎಂದು ಜರ್ಮನ್ ವಿದ್ವಾಂಸ ಗೆರ್‌ಹಾರ್ಟ್ ರೋಡೆನ್‌ವಾಲ್ಟ್ ಮೊದಲೇ ಗುರುತಿಸಿದ್ದ. ಒಂದು ದರಬಾರಿನ ಶೈಲಿ, ಇನ್ನೊಂದು ಜನಪದ ಶೈಲಿ. ಬಂದಿನೆಲ್ಲಿ ಈ ಎರಡನೆಯದನ್ನು ನಿರ್ದಿಷ್ಟ ಸಾಮಾಜಿಕ ಗುಂಪುಗಳಿಗೆ ಜೋಡಿಸಿದ. ಇಟಲಿಯ ಸಣ್ಣ ಪಟ್ಟಣಗಳ ಅಧಿಕಾರಿಗಳು, ವ್ಯಾಪಾರಿಗಳು, ಬಿಡುಗಡೆ ಪಡೆದು ಸಿರಿವಂತರಾದ ಗುಲಾಮರು ತಮ್ಮ ಗೋರಿಗಳಿಗೆ ಮಾಡಿಸಿಕೊಂಡ ಕಲೆಯಿದು ಎಂದ. ಮಧ್ಯ ಇಟಲಿಯ ಸಾಬೆಲಿಕ್ ಪ್ರದೇಶದ ಪಟ್ಟಣಗಳಲ್ಲಿ ಸೀಸರ್‌ನಿಂದ ನೀರೋವರೆಗಿನ ಕಾಲದ ಶಿಲ್ಪಗಳನ್ನು ಶಿಷ್ಯರೊಡನೆ ಹುಡುಕಿ, ಅಳೆದು, 1966ರಲ್ಲಿ ಒಂದು ಸಂಪುಟವಾಗಿ ಪ್ರಕಟಿಸಿದ. ಸಿದ್ಧಾಂತವನ್ನು ಬಿಡಿಸಿ ಹೇಳಿದ ಲೇಖನ 1967ರಲ್ಲಿ ಬಂತು.

ಈ ಶೈಲಿಯ ಅಚ್ಚುಕಟ್ಟಾದ ಮಾದರಿ ಅಮಿತೆರ್ನುಮ್ ಪಟ್ಟಣದ ಶವಯಾತ್ರೆಯ ಉಬ್ಬುಶಿಲ್ಪ. ಕ್ರಿ.ಪೂ. ಒಂದನೆಯ ಶತಮಾನದ ಈ ಫಲಕದ ನಡುವೆ ಎಂಟು ಜನ ಚಟ್ಟ ಹೊತ್ತಿದ್ದಾರೆ. ಸತ್ತವನು ಅಂಗಾತ ಮಲಗಿಲ್ಲ, ಬದುಕಿದ್ದಾಗ ಔತಣದಲ್ಲಿ ಒರಗಿದಂತೆ ಮೊಣಕೈಯೂರಿ ತಲೆಯೆತ್ತಿದ್ದಾನೆ. ಹಿಂದಿನ ಪರದೆಯಲ್ಲಿ ಚಂದ್ರನೂ ನಕ್ಷತ್ರಗಳೂ ಇವೆ. ಮುಂದೆ ಕೊಳಲು, ಕೊಂಬು ಊದುವವರು, ಅಳುವ ಹೆಂಗಸರು. ಶಾಸ್ತ್ರೀಯ ನಿಯಮದಂತೆ ದೂರದವರು ಚಿಕ್ಕದಾಗಿ, ಒಬ್ಬರ ಹಿಂದೆ ಒಬ್ಬರು ಮರೆಯಾಗಿ ಕಾಣಬೇಕಿತ್ತು. ಇಲ್ಲಿ ಹಿಂದಿನ ಸಾಲಿನವರನ್ನು ಎತ್ತಿ ಮೇಲೆ, ಅವರವರಿಗೇ ಒಂದೊಂದು ತುಂಡು ನೆಲದ ಗೆರೆ ಕೊಟ್ಟು ನಿಲ್ಲಿಸಲಾಗಿದೆ. ಯಾರೊಬ್ಬರೂ ಮರೆಯಾಗಬಾರದು, ಯಾವ ವಿಧಿಯೂ ಬಿಟ್ಟುಹೋಗಬಾರದು. ಖರ್ಚು ಮಾಡಿ ಅದ್ದೂರಿಯಾಗಿ ಶವಯಾತ್ರೆ ನಡೆಸಿದ ಮನೆಯವರಿಗೆ ಬೇಕಾದದ್ದು ಇದೇ. ಕಿಯೇತಿಯ ಬಳಿ ಸಿಕ್ಕ, ಬಿಡುಗಡೆ ಪಡೆದ ಗುಲಾಮ ಲೂಸಿಯಸ್ ಸ್ಟೊರಾಕ್ಸ್‌ನ ಸ್ಮಾರಕವೂ ಇಂಥದೇ. ಆತ ಏರ್ಪಡಿಸಿದ ಗ್ಲಾಡಿಯೇಟರ್ ಕಾಳಗ ಒಂದು ಪಟ್ಟಿಯಲ್ಲಿದ್ದರೆ ಅದರ ಮೇಲೆ ಅಧಿಕಾರಿಗಳ ನಡುವೆ ಆತ ಕುಳಿತ ದೃಶ್ಯವಿದೆ.

ಶಾಸ್ತ್ರೀಯ ಕಲೆ ಬಾರದವರು ಮಾಡಿದ ಒಡ್ಡು ಕೆಲಸ ಎಂದು ತಳ್ಳಿಹಾಕುವ ಬದಲು, ಸುದ್ದಿಯನ್ನು ಸ್ಪಷ್ಟವಾಗಿ ಮುಟ್ಟಿಸಲು ಕಟ್ಟಿಕೊಂಡ ಬೇರೆಯೇ ವ್ಯಾಕರಣ ಎಂದು ಬಂದಿನೆಲ್ಲಿ ಇದನ್ನು ಓದಿದ. ಎದುರುಮುಖದ ಭಂಗಿ, ಮುಖ್ಯಸ್ಥನನ್ನು ದೊಡ್ಡದಾಗಿ ಕಡೆಯುವುದು, ಆಕೃತಿಗಳನ್ನು ಸಾಲಾಗಿ ಜೋಡಿಸುವುದು ಅದರ ಲಕ್ಷಣಗಳು. 315ರ ಕಾನ್‌ಸ್ಟಂಟೈನ್ ಕಮಾನಿನ ಪಟ್ಟಿಯಲ್ಲಿ ಚಕ್ರವರ್ತಿ ಜನರಿಗೆ ಹಣ ಹಂಚುವ ದೃಶ್ಯದಲ್ಲೂ ಇದೇ ಲಕ್ಷಣಗಳಿವೆ. ನಡುವೆ ಎದುರುಮುಖವಾಗಿ ಕುಳಿತ ದೊಡ್ಡ ಆಕೃತಿ, ಕೆಳಗೆ ಎರಡೂ ಕಡೆಯಿಂದ ಕೈಚಾಚಿದ ಕುಳ್ಳ ಜನರ ಸಾಲು, ಮೇಲೆ ಲೆಕ್ಕ ಬರೆಯುವ ಅಧಿಕಾರಿಗಳ ಗೂಡುಗಳು. 1954ರಲ್ಲಿ ಬೆರೆನ್ಸನ್ ಇದೇ ಕಮಾನಿನ ಬಗ್ಗೆ ಬರೆದ ಪುಸ್ತಕ ರೂಪದ ಅವನತಿಯ ಕಥೆಯನ್ನು ಹೇಳಿತ್ತು. ಬಂದಿನೆಲ್ಲಿ ಕಂಡದ್ದು ಸಾಮಾಜಿಕ ಪಲ್ಲಟ. ಮೂರನೆಯ ಶತಮಾನದ ಬಿಕ್ಕಟ್ಟಿನಲ್ಲಿ ಹಳೆಯ ಕುಲೀನರ ಹಿಡಿತ ತಪ್ಪಿ, ಪ್ರಾಂತ್ಯಗಳಿಂದ, ಸೇನೆಯಿಂದ ಬಂದವರು ಗದ್ದುಗೆ ಹಿಡಿದಾಗ ಅವರ ರುಚಿಯೂ ಅವರೊಡನೆ ಮೇಲೇರಿತು. ಮಧ್ಯಯುಗದ ಕಲೆಯ ಬೇರು ಈ ಬದಲಾವಣೆಯಲ್ಲಿದೆ ಎಂದ.

ರೋಮ್‌ನ ಪೀಠ, ಶಿಷ್ಯರು, ಎರಡು ಸಂಪುಟಗಳು

1950ರ ದಶಕದ ಉತ್ತರಾರ್ಧದಲ್ಲಿ ಬಂದಿನೆಲ್ಲಿ ರೋಮ್ ವಿಶ್ವವಿದ್ಯಾಲಯದ ಪೀಠಕ್ಕೆ ಬಂದ. ಆಂದ್ರೆಯಾ ಕರಂದೀನಿ, ಫಿಲಿಪ್ಪೊ ಕೊಅರೆಲ್ಲಿ, ಮಾರಿಯೊ ತೊರೆಲ್ಲಿ, ಅಂತೋನಿಯೊ ಜುಲಿಯಾನೊ ಮೊದಲಾದವರು ಈತನ ಗರಡಿಯಲ್ಲಿ ಪಳಗಿದರು. 1964ರಲ್ಲಿ, ನಿವೃತ್ತಿಯ ವಯಸ್ಸು ಬರುವ ಮೊದಲೇ, ವಿಶ್ವವಿದ್ಯಾಲಯದ ಸ್ಥಿತಿಗತಿಯ ಬಗೆಗಿನ ಅಸಮಾಧಾನದಿಂದ ಈತ ಪೀಠವನ್ನು ಬಿಟ್ಟ. 1967ರಲ್ಲಿ ಶಿಷ್ಯರೊಡನೆ ‘ದಿಯಾಲೊಗಿ ದಿ ಆರ್ಕೆಯೊಲೊಜಿಯಾ’ ಎಂಬ ಪತ್ರಿಕೆಯನ್ನು ಹುಟ್ಟುಹಾಕಿದ. ಪ್ಲೆಬಿಯನ್ ಕಲೆ ಕುರಿತ ಲೇಖನ ಅಚ್ಚಾದದ್ದು ಅದರ ಮೊದಲ ಸಂಪುಟದಲ್ಲೇ. ಉತ್ಖನನ, ಶಾಸನ, ಆರ್ಥಿಕತೆ, ಗುಲಾಮಗಿರಿ, ಪರಂಪರೆಯ ರಕ್ಷಣೆ ಎಲ್ಲವೂ ಅಲ್ಲಿ ಚರ್ಚೆಗೆ ಬಂದವು. 1970ರ ದಶಕದಲ್ಲಿ ಕರಂದೀನಿ ಟಸ್ಕನಿಯ ಸೆತ್ತೆಫಿನೆಸ್ತ್ರೆಯಲ್ಲಿ ಗುಲಾಮರ ದುಡಿಮೆಯಿಂದ ನಡೆಯುತ್ತಿದ್ದ ರೋಮನ್ ತೋಟದ ಮನೆಯೊಂದನ್ನು ಅಗೆದು ತೆಗೆದದ್ದು ಈ ಚಿಂತನೆಯ ಮುಂದುವರಿಕೆ.

ಪೀಠ ಬಿಟ್ಟ ಮೇಲೆ ಬಂದಿನೆಲ್ಲಿ ತನ್ನ ಜೀವಮಾನದ ಓದನ್ನೆಲ್ಲ ಎರಡು ಸಂಪುಟಗಳಲ್ಲಿ ಕಟ್ಟಿಕೊಟ್ಟ. ಮೊದಲನೆಯದು 1969ರಲ್ಲಿ ಬಂತು. ಅದರ ವಿಷಯ ಅಧಿಕಾರದ ಕೇಂದ್ರವಾದ ರೋಮ್ ನಗರದ ಕಲೆ, ಆರಂಭದಿಂದ ಕ್ರಿ.ಶ. ಎರಡನೆಯ ಶತಮಾನದ ಕೊನೆಯವರೆಗೆ. ಎರಡನೆಯದು 1970ರಲ್ಲಿ ಬಂದ, ಸೆಪ್ಟಿಮಿಯಸ್ ಸೆವೆರಸ್‌ನಿಂದ ಒಂದನೆಯ ಥಿಯೊಡೋಸಿಯಸ್‌ವರೆಗಿನ, ಪ್ರಾಚೀನ ಕಲೆಯ ಅಂತ್ಯವನ್ನು ಕುರಿತದ್ದು. ವಸ್ತುವಿನ ಹಂಚಿಕೆಯೇ ವಾದವನ್ನು ಹೇಳುತ್ತದೆ. ಮೊದಲ ಸಂಪುಟದಲ್ಲಿ ಕೇಂದ್ರದ ಕಥೆ, ಎರಡನೆಯದರಲ್ಲಿ ಆಫ್ರಿಕಾ, ಸಿರಿಯಾ, ಗಾಲ್, ಡ್ಯಾನ್ಯೂಬ್ ದಂಡೆ ಮೊದಲಾದ ಪ್ರಾಂತ್ಯಗಳು ಮುನ್ನೆಲೆಗೆ ಬರುತ್ತವೆ. ಹಲವು ಭಾಷೆಗಳಿಗೆ ಅನುವಾದಗೊಂಡ ಇವು ತಜ್ಞರಲ್ಲದ ಓದುಗರನ್ನೂ ಮುಟ್ಟಿದವು. ಇದೇ ಮಾಲೆಯಲ್ಲಿ ಜುಲಿಯಾನೊ ಜೊತೆ ಬರೆದ, ರೋಮ್ ಪ್ರಾಬಲ್ಯಕ್ಕೆ ಮೊದಲಿನ ಎಟ್ರಸ್ಕನ್ನರು ಮತ್ತು ಇಟಾಲಿಕ್ ಜನರ ಕಲೆಯ ಸಂಪುಟ 1973ರಲ್ಲಿ ಬಂತು.

1974ರಲ್ಲಿ ಪ್ರಕಟವಾದ ಇನ್ನೊಂದು ಪುಸ್ತಕದಲ್ಲಿ ಸ್ಮಾರಕಗಳ ನಿರ್ಲಕ್ಷ್ಯ, ಕಟ್ಟಡದ ಲಾಭಕೋರತನ, ಇಲಾಖೆಯ ಬಡತನ ಇವುಗಳ ವಿರುದ್ಧ ಬಂದಿನೆಲ್ಲಿ ಹರಿಹಾಯ್ದ. ಅದೇ ವರ್ಷದ ಡಿಸೆಂಬರಿನಲ್ಲಿ ಇಟಲಿ ಸಾಂಸ್ಕೃತಿಕ ಪರಂಪರೆಗೆಂದು ಪ್ರತ್ಯೇಕ ಸಚಿವಾಲಯ ರಚಿಸಿತು. ಕೆಲವೇ ವಾರಗಳ ನಂತರ, 1975ರ ಜನವರಿ 17ರಂದು, ಬಂದಿನೆಲ್ಲಿ ರೋಮ್‌ನಲ್ಲಿ ತೀರಿಕೊಂಡ. ತರಗತಿಯ ಉಪನ್ಯಾಸಗಳನ್ನು ಆಧರಿಸಿದ, ಪುರಾತತ್ತ್ವದ ಪ್ರವೇಶಿಕೆ 1976ರಲ್ಲಿ ಮರಣೋತ್ತರವಾಗಿ ಬಂತು. ಅದು ಇಟಲಿಯ ವಿದ್ಯಾರ್ಥಿಗಳ ಕೈಪಿಡಿಯಾಯಿತು.

ಮೌಲ್ಯಮಾಪನ

ಬಂದಿನೆಲ್ಲಿಯ ತೀರ್ಮಾನಗಳಲ್ಲಿ ಹಲವು ಮುಂದಿನ ತಲೆಮಾರಿನವರ ಪರೀಕ್ಷೆಯಲ್ಲಿ ಸಡಿಲಗೊಂಡಿವೆ. ಟ್ರೇಜನ್ ಸ್ತಂಭದಲ್ಲಿ ಹಲವು ಕೈಗಳ ಕೆಲಸವನ್ನು ಈಗಿನ ವಿದ್ವಾಂಸರು ಗುರುತಿಸುತ್ತಾರೆ, ಒಬ್ಬನೇ ಗುರುಶಿಲ್ಪಿಯ ಕಲ್ಪನೆಗೆ ಮೊದಲಿನ ಒಲವಿಲ್ಲ. ಅಷ್ಟು ಎತ್ತರದ ದೃಶ್ಯಗಳನ್ನು ನೆಲದಲ್ಲಿ ನಿಂತವರು ನೋಡಲಾಗುತ್ತಿರಲಿಲ್ಲವಲ್ಲ ಎಂದು ಫ್ರಾನ್ಸಿನ ಪಾಲ್ ವೇನ್ ಎತ್ತಿದ ಪ್ರಶ್ನೆ, ಯಾರು ನೋಡಲೆಂದು ಎಂಬ ಬಂದಿನೆಲ್ಲಿಯ ಪ್ರಶ್ನೆಯನ್ನೇ ಇನ್ನಷ್ಟು ತೀಕ್ಷ್ಣಗೊಳಿಸಿತು.

ಪ್ಲೆಬಿಯನ್ ಕಲೆಯ ಪರಿಕಲ್ಪನೆಯ ಮೇಲೆ ಟೀಕೆ ಹೆಚ್ಚು. ಅಮಿತೆರ್ನುಮ್‌ನ ಗೋರಿ ಕಟ್ಟಿಸಿದವರು ತಮ್ಮ ಊರಿನ ಮಟ್ಟಿಗೆ ಸಿರಿವಂತರೇ, ಅವರನ್ನು ಜನಸಾಮಾನ್ಯರೆನ್ನುವುದು ಹೇಗೆ? ಒಬ್ಬನೇ ಆಶ್ರಯದಾತ ಎರಡೂ ಶೈಲಿಗಳನ್ನು ಬಳಸಿದ ಉದಾಹರಣೆಗಳೂ ಇವೆ. ಕ್ರಿ.ಶ. 161ರ ಆಂಟೊನೈನಸ್ ಪಯಸ್‌ನ ಸ್ತಂಭಪೀಠ ಇದಕ್ಕೆ ಸಾಕ್ಷಿ. ಈಗ ವ್ಯಾಟಿಕನ್‌ನಲ್ಲಿರುವ ಆ ಪೀಠದ ಒಂದು ಮುಖದಲ್ಲಿ ಚಕ್ರವರ್ತಿ ದಂಪತಿ ಸ್ವರ್ಗಕ್ಕೇರುವ ದೃಶ್ಯ ಶುದ್ಧ ಶಾಸ್ತ್ರೀಯ ಶೈಲಿಯಲ್ಲಿದೆ. ಪಕ್ಕದ ಎರಡು ಮುಖಗಳಲ್ಲಿ ಚಿತೆಯ ಸುತ್ತ ಸುತ್ತುವ ಕುದುರೆಸವಾರರು ಅಮಿತೆರ್ನುಮ್‌ನವರ ಹಾಗೆಯೇ ಪುಟ್ಟಪುಟ್ಟ ನೆಲದ ತುಂಡುಗಳ ಮೇಲೆ ತೇಲುತ್ತಾರೆ. ಪ್ಲೆಬಿಯನ್ ಶೈಲಿ ಮೇಲೇರುತ್ತಿದ್ದುದರ ಗುರುತು ಇದು ಎಂದು ಬಂದಿನೆಲ್ಲಿ ಹೇಳಿದರೆ, ವಸ್ತುವಿಗೆ ತಕ್ಕ ಶೈಲಿ ಆರಿಸಿಕೊಳ್ಳುವುದು ರೋಮನ್ನರ ರೂಢಿ ಎಂದು ಜರ್ಮನಿಯ ಟೋನಿಯೊ ಹ್ಯೋಲ್ಷರ್ 1987ರಲ್ಲಿ ಬೇರೆ ಉತ್ತರ ಕೊಟ್ಟ. ಅದೇ ವರ್ಷ ಅಗಸ್ಟಸ್ ಕಾಲದ ಚಿತ್ರಗಳ ಶಕ್ತಿಯನ್ನು ಕುರಿತ ಪಾಲ್ ತ್ಸಾಂಕರ್‌ನ ಗ್ರಂಥವೂ ಬಂತು.

ಗಮನಿಸಬೇಕಾದ ಸಂಗತಿಯೆಂದರೆ ಈ ಟೀಕೆಗಳು ನಡೆಯುತ್ತಿರುವುದು ಬಂದಿನೆಲ್ಲಿ ತೋಡಿದ ಪಾತ್ರದಲ್ಲೇ. ಹ್ಯೋಲ್ಷರ್, ತ್ಸಾಂಕರ್ ಇಬ್ಬರೂ ಮಾಡಿಸಿದವರ ಉದ್ದೇಶ, ನೋಡುವವರ ತಿಳಿವಳಿಕೆ, ಅಧಿಕಾರದ ಭಾಷೆ ಇವುಗಳಿಂದಲೇ ಹೊರಡುತ್ತಾರೆ. ಬಿಡುಗಡೆ ಪಡೆದ ಗುಲಾಮರ, ಬೇಕರಿಯವರ, ಸಣ್ಣ ಪಟ್ಟಣದ ಅಧಿಕಾರಿಗಳ ಗೋರಿಗಳು ಇಂದು ರೋಮನ್ ಕಲೆಯ ಯಾವುದೇ ಪಠ್ಯಕ್ರಮದಲ್ಲಿ ಚಕ್ರವರ್ತಿಗಳ ಕಮಾನುಗಳ ಜೊತೆಗೇ ಬರುತ್ತವೆ. 2003ರಲ್ಲಿ ಮಾರ್ಚೆಲ್ಲೊ ಬಾರ್ಬನೇರಾ ಈತನ ಜೀವನಚರಿತ್ರೆಯನ್ನೂ ಪತ್ರಗಳನ್ನೂ ಪ್ರಕಟಿಸಿದ ಮೇಲೆ ಬಂದಿನೆಲ್ಲಿಯೇ ಅಧ್ಯಯನದ ವಸ್ತುವಾಗಿದ್ದಾನೆ. ಒಂದು ಕೃತಿಯನ್ನು ಅದರ ಸಮಾಜದಲ್ಲಿಟ್ಟು ಓದಬೇಕೆಂಬ ಈತನ ವಿಧಾನವನ್ನು ಈತನ ಗ್ರಂಥಗಳಿಗೂ ಅನ್ವಯಿಸಿ ನೋಡುವ ಕೆಲಸ ಈಗ ನಡೆದಿದೆ.